ಫೆರೆಟ್ ಉಗುರು ಕತ್ತರಿಸಲು ಬಿಡುತ್ತಿಲ್ಲವೇ? ದೋಷ ಎಲ್ಲಿದೆ ಎಂದು ಹುಡುಕುವ ಕೈಪಿಡಿ

ಫೆರೆಟ್ ಎಂದರೆ ಮುಂಗುಸಿಯಂತೆ ಕಾಣುವ, ಉದ್ದ ಮೈಯ ಪುಟ್ಟ ಸಾಕುಪ್ರಾಣಿ. ಮುಂಬೈ, ಪುಣೆಯ ಫ್ಲ್ಯಾಟುಗಳಲ್ಲಿ ಸಾಕಿದ ಫೆರೆಟ್‌ನ ಉಗುರು ತಾನಾಗಿ ಸವೆಯುವುದಿಲ್ಲ. ನೆಲವೆಲ್ಲ ನುಣುಪು ಟೈಲ್ಸ್, ಅಗೆಯೋಣ ಎಂದರೆ ಮಣ್ಣಿಲ್ಲ. ಬೆಕ್ಕಿನ ಹಾಗೆ ಉಗುರನ್ನು ಒಳಗೆಳೆದುಕೊಳ್ಳಲೂ ಅದಕ್ಕೆ ಬರುವುದಿಲ್ಲ. ಹಾಗಾಗಿ ಎರಡು ಮೂರು ವಾರಕ್ಕೊಮ್ಮೆ ನಾವೇ ಕತ್ತರಿಸಬೇಕು. ಕಾಲಿಗೆ 5ರಂತೆ 20 ಉಗುರು, ಅಭ್ಯಾಸವಾದರೆ ಹತ್ತು ನಿಮಿಷದ ಕೆಲಸ. ಆದರೆ ಎಷ್ಟೋ ಮನೆಗಳಲ್ಲಿ ಇದು ಕಚ್ಚಾಟ, ರಕ್ತ, ಗದ್ದಲದಲ್ಲಿ ಮುಗಿದು, ಕೊನೆಗೆ "ನಮ್ಮದು ಬಹಳ ಹಠಮಾರಿ" ಎಂಬ ದೂರು ಪ್ರಾಣಿಯ ತಲೆಗೆ ಬೀಳುತ್ತದೆ. ಹಠಕ್ಕೂ ಇದಕ್ಕೂ ಸಂಬಂಧ ಕಡಿಮೆ. ದೋಷ ಇರುವುದು ಸಾಮಾನ್ಯವಾಗಿ ಹೊತ್ತಿನಲ್ಲಿ, ಹಿಡಿತದಲ್ಲಿ, ಬ್ಲೇಡಿನಲ್ಲಿ ಅಥವಾ ಫೆರೆಟ್‌ನ ಆರೋಗ್ಯದಲ್ಲಿ. ಮೊದಲ ಮೂರನ್ನು ಮನೆಯಲ್ಲೇ ಸರಿಪಡಿಸಬಹುದು. ನಾಲ್ಕನೆಯದನ್ನು ಹೆಚ್ಚಿನವರು ನೋಡುವುದೇ ಇಲ್ಲ, ನಿಜವಾದ ಅಪಾಯ ಅಲ್ಲಿಯೇ.

ಸರಿಯಾದ ಕ್ರಮ ಯಾವುದು

ದೋಷ ಹುಡುಕುವ ಮೊದಲು ಕ್ರಮ ಸರಿಯಿದೆಯೇ ನೋಡಿಕೊಳ್ಳಿ. ನಾವು ಬಳಸುವ ಸಣ್ಣ ನೇಲ್ ಕಟರ್ ಸಾಕು. ಬೆಕ್ಕಿನ ಉಗುರಿಗೆಂದೇ ಬರುವ ಪುಟ್ಟ ಕತ್ತರಿ ಸಿಕ್ಕರೆ ಇನ್ನೂ ಒಳ್ಳೆಯದು. ನಾಯಿಯ ದೊಡ್ಡ ಕಟರ್ ಬೇಡ, ಅದರ ಬಾಯಿಯಲ್ಲಿ ಫೆರೆಟ್‌ನ ಉಗುರು ಎಲ್ಲಿದೆ ಎಂದೇ ಕಾಣುವುದಿಲ್ಲ. ಒಂದು ತಟ್ಟೆಯಲ್ಲಿ ಎರಡು ಚಮಚ ಒಣ ಕಾರ್ನ್‌ಫ್ಲೋರ್ ಹಾಕಿ ಕೈಗೆಟಕುವಲ್ಲಿ ಇಡಿ. ರಕ್ತ ಬಂದ ಮೇಲೆ ಅಡುಗೆಮನೆಯ ಡಬ್ಬಿ ಹುಡುಕುವ ಹಾಗಾಗಬಾರದು. ಸಾಲ್ಮನ್ ಮೀನಿನ ಎಣ್ಣೆ, ಟಾರ್ಚ್, ಹಳೆಯ ಹತ್ತಿ ಪಂಚೆಯ ತುಂಡು, ಇಷ್ಟೇ ಉಳಿದದ್ದು. ಟರ್ಕಿ ಟವೆಲ್ ಬೇಡ, ಅದರ ನೂಲಿನ ಕುಣಿಕೆಗಳಿಗೆ ಉಗುರು ಸಿಕ್ಕಿಕೊಳ್ಳುತ್ತದೆ.

ಸೋಫಾ ಬಿಟ್ಟು ನೆಲದ ಮೇಲೆ ಕುಳಿತುಕೊಳ್ಳಿ. ಫೆರೆಟ್ ಜಾರಿ ಬಿದ್ದರೂ ಪೆಟ್ಟಾಗಬಾರದು. ತೊಡೆಯ ಮೇಲೆ ಅದನ್ನು ಅಂಗಾತ ಮಲಗಿಸಿ ಹೊಟ್ಟೆಯ ಮೇಲೆ ನಾಲ್ಕೈದು ಹನಿ ಎಣ್ಣೆ ಬಿಡಿ. ಅದು ತಲೆ ಬಗ್ಗಿಸಿ ನೆಕ್ಕಲು ಶುರು ಮಾಡಿದಾಗ ಒಂದು ಕಾಲು ಹಿಡಿದು, ಬೆರಳನ್ನು ಮೇಲಿಂದ ಕೆಳಗಿಂದ ಮೆಲ್ಲಗೆ ಒತ್ತಿ. ಉಗುರಿನ ಬುಡದಿಂದ ಒಂದು ಗುಲಾಬಿ ಗೆರೆ ಹೊರಟು ಅರ್ಧ ದಾರಿಯಲ್ಲಿ ನಿಲ್ಲುವುದು ಕಾಣುತ್ತದೆ. ರಕ್ತನಾಳವೂ ನರವೂ ಇರುವುದು ಅದರಲ್ಲಿಯೇ. ಗೆರೆ ನಿಂತ ಜಾಗದಿಂದ ಒಂದು ಅಕ್ಕಿಕಾಳಿನ ಅಗಲದಷ್ಟು, ಅಂದರೆ ಸುಮಾರು 2 ಮಿ.ಮೀ. ಬಿಟ್ಟು ಕತ್ತರಿಸಿ. ಫೆರೆಟ್ ನಿಂತಾಗ ಉಗುರಿನ ತುದಿ ನೆಲಕ್ಕೆ ಸಮನಾಗಿ ಇರುವಂತೆ ಕೋನ ಬರಲಿ. ಮುಂಗಾಲಿನ ಉಗುರುಗಳು ಹಿಂಗಾಲಿನವಕ್ಕಿಂತ ಉದ್ದವೂ ಚೂಪೂ ಆಗಿರುವುದರಿಂದ ಅಲ್ಲಿಂದಲೇ ಶುರು ಮಾಡಿ. ಎಲ್ಲವೂ ಒಂದೇ ದಿನ ಮುಗಿಯಬೇಕೆಂದಿಲ್ಲ. ಇವತ್ತು ಎರಡು ಕಾಲು, ನಾಳೆ ಎರಡು ಕಾಲು ಎಂದರೆ ಯಾರ ಗಂಟೂ ಹೋಗುವುದಿಲ್ಲ.

ದೋಷ: ಎಣ್ಣೆ ಹಚ್ಚಿದರೂ ಒದ್ದಾಡುತ್ತದೆ

ಮೊದಲು ಗಡಿಯಾರ ನೋಡಿ. ಆಗತಾನೇ ಎದ್ದ ಫೆರೆಟ್‌ಗೆ ಮೈಯೆಲ್ಲ ಚುರುಕು, ಆಗ ಹಿಡಿದರೆ ಮೀನಿನಂತೆ ಜಾರುತ್ತದೆ. ಅರ್ಧ ಮುಕ್ಕಾಲು ಗಂಟೆ ಆಡಲು ಬಿಟ್ಟು, ತಿನ್ನಿಸಿ, ಮಂಪರು ಹತ್ತಿದ ಮೇಲೆ ಕೂರಿಸಿಕೊಳ್ಳಿ. ಕೆಲವು ಫೆರೆಟ್‌ಗಳು ಸತ್ತಂತೆ ನಿದ್ದೆ ಮಾಡುತ್ತವೆ, ಅಂಥವಕ್ಕೆ ನಿದ್ದೆಯಲ್ಲೇ ಎರಡು ಮೂರು ಉಗುರು ಮುಗಿಸಿಬಿಡಬಹುದು.

ಆಮೇಲೆ ಸೆಖೆ. ಫೆರೆಟ್‌ಗೆ ನಮ್ಮ ಹಾಗೆ ಬೆವರಿ ಮೈ ತಣಿಸಿಕೊಳ್ಳಲು ಆಗುವುದಿಲ್ಲ. ಕೋಣೆ 30 ಡಿಗ್ರಿ ದಾಟಿದರೆ ಸುಮ್ಮನೆ ಮಲಗಿದ್ದರೂ ಅದಕ್ಕೆ ಕಷ್ಟ, ಹಿಡಿದು ಒತ್ತಿದರೆ ಕೇಳುವುದೇ ಬೇಡ. ಮುಂಬೈಯ ಏಪ್ರಿಲ್, ಮೇ, ಅಕ್ಟೋಬರ್‌ನಲ್ಲಿ ಮಧ್ಯಾಹ್ನ ಈ ಕೆಲಸಕ್ಕೆ ಕೈಹಾಕಬೇಡಿ. ಎ.ಸಿ. 24–25ರಲ್ಲಿ ಇಟ್ಟು ಕೋಣೆ ತಣ್ಣಗಾದ ಮೇಲೆ ಶುರು ಮಾಡಿ. ನಡುವೆ ಕರೆಂಟ್ ಹೋದರೆ ಅಲ್ಲಿಗೇ ಬಿಡಿ. ಬಾಯಿ ತೆರೆದು ಏದುಸಿರು ಬಿಡುವುದು ಫೆರೆಟ್‌ನಲ್ಲಿ ಮಾಮೂಲಲ್ಲ. ಅದು ಕಂಡರೆ ಉಗುರು ಮರೆತು ಪಾದ, ಹೊಟ್ಟೆಗೆ ತಣ್ಣೀರು ಸವರಿ, ವೈದ್ಯರಿಗೆ ಫೋನ್ ಮಾಡಿ. ಐಸ್ ನೀರು ಬೇಡ.

ಸದ್ದನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಿ. ಪುಣೆಯಲ್ಲಿ ಗಣೇಶೋತ್ಸವಕ್ಕೆ ವಾರಗಟ್ಟಲೆ ಮೊದಲೇ ಢೋಲ್-ತಾಶಾ ಅಭ್ಯಾಸ ಶುರುವಾಗುತ್ತದೆ. ಆ ಸಂಜೆಗಳಲ್ಲಿ ಬ್ಲೇಡು ಕೈಗೆತ್ತಿಕೊಳ್ಳುವುದು ಬುದ್ಧಿವಂತಿಕೆಯಲ್ಲ, ಬೆಳಗ್ಗೆಯೇ ಮುಗಿಸಿ.

ಎಣ್ಣೆಯನ್ನೇ ಮೂಸಿ ಮುಖ ತಿರುಗಿಸಿದರೆ ದೋಷ ಎಣ್ಣೆಯದು. ತೆರೆದ ಬಾಟಲಿ ಕಪಾಟಿನಲ್ಲಿದ್ದರೆ ಇಲ್ಲಿನ ಸೆಖೆಗೆ ಬೇಗ ಕಮಟುತ್ತದೆ, ಫ್ರಿಜ್‌ನಲ್ಲಿಡಿ. ಸಾಲ್ಮನ್ ಎಣ್ಣೆ ಇಲ್ಲದಿದ್ದರೆ ಮೆಡಿಕಲ್‌ನಲ್ಲಿ ಸಿಗುವ ಮೀನೆಣ್ಣೆ ಮಾತ್ರೆಗೆ ಸೂಜಿ ಚುಚ್ಚಿ ಕೆಲವು ಹನಿ ಹಿಂಡಬಹುದು. ಕಾಡ್ ಲಿವರ್ ಎಣ್ಣೆಯಾದರೆ ಅದರಲ್ಲಿ ಎ ಮತ್ತು ಡಿ ವಿಟಮಿನ್ ಹೆಚ್ಚು, ಅದು ಉಗುರಿನ ದಿನಕ್ಕೆ ಮಾತ್ರ ಸಾಕು. ಉಪ್ಪು, ಈರುಳ್ಳಿ, ಬೆಳ್ಳುಳ್ಳಿ ಹಾಕದೆ ಬೇಯಿಸಿದ ಕೋಳಿಯ ಸಾರೂ ಆಗುತ್ತದೆ. ಬೆಲ್ಲ, ಬಾಳೆಹಣ್ಣು, ಬಿಸ್ಕತ್ತು ಬೇಡವೇ ಬೇಡ. ಇದು ಅಪ್ಪಟ ಮಾಂಸಾಹಾರಿ, ಸಿಹಿಗೂ ಅದರ ಮೇದೋಜ್ಜೀರಕಕ್ಕೂ ಆಗಿಬರುವುದಿಲ್ಲ.

ಕಾಲು ಹಿಡಿಯುವ ರೀತಿಯೂ ಒದ್ದಾಟ ತರಿಸುತ್ತದೆ. ಕಾಲನ್ನು ಪಕ್ಕಕ್ಕೆ ಎಳೆದರೆ ಭುಜಕ್ಕೆ ನೋವು. ಅದು ಇರುವ ದಿಕ್ಕಿನಲ್ಲೇ ಇರಲಿ, ನಿಮ್ಮ ಕೈ ಅಲ್ಲಿಗೆ ಹೋಗಲಿ. ಹಿಂದೆ ಒಮ್ಮೆ ರಕ್ತ ಬಂದ ಫೆರೆಟ್ ಆದರೆ ಮುಂದಿನ ಒಂದೆರಡು ವಾರ ಕಟರ್ ಬದಿಗಿಟ್ಟು, ದಿನಾ ಎಣ್ಣೆ ಕೊಟ್ಟು ಬೆರಳು ಒತ್ತಿ ಬಿಡುವುದನ್ನಷ್ಟೇ ಮಾಡಿ.

ದೋಷ: ಹೆಕ್ಕತ್ತು ಹಿಡಿದರೂ ಸುಮ್ಮನಾಗುವುದಿಲ್ಲ

ಎಣ್ಣೆಗೆ ಬಗ್ಗದ ಫೆರೆಟ್‌ಗೆ ಇಬ್ಬರು ಬೇಕು. ಮನೆಯಲ್ಲಿ ಕೈ ನಡುಗದವರು ಕತ್ತರಿಸಲಿ, ಧೈರ್ಯವಿರುವವರು ಹಿಡಿಯಲಿ. ಅತ್ತೆಯವರು ಹಿಡಿದು ಸೊಸೆ ಕತ್ತರಿಸುವ ಮನೆಗಳಲ್ಲಿ ಕೆಲಸ ಚೊಕ್ಕವಾಗಿ ಆಗುತ್ತದೆ, ಇಬ್ಬರೂ ಒಟ್ಟಿಗೆ ಆಜ್ಞೆ ಕೊಡದಿದ್ದರೆ. ಹೆಕ್ಕತ್ತಿನ ಸಡಿಲ ಚರ್ಮವನ್ನು ಭುಜಗಳ ನಡುವಿನಿಂದ ಇಡೀ ಮಡಿಕೆಯಾಗಿ, ಹೆಬ್ಬೆರಳು ಮತ್ತು ಉಳಿದ ನಾಲ್ಕೂ ಬೆರಳು ಸೇರಿಸಿ ಹಿಡಿಯಬೇಕು. ಎರಡೇ ಬೆರಳಲ್ಲಿ ಚಿವುಟಿದರೆ ನೋವಾಗಿ ತಿರುಗಿ ಕಚ್ಚುತ್ತದೆ. ತೀರ ಮುಂದೆ ಹಿಡಿದರೆ ಗಂಟಲು ಬಿಗಿಯುತ್ತದೆ.

ಹಿಡಿತ ಸರಿಯಾಗಿದೆ ಎಂಬುದಕ್ಕೆ ಗುರುತು ಆಕಳಿಕೆ. ಕೆಲವೇ ಸೆಕೆಂಡಿನಲ್ಲಿ ಫೆರೆಟ್ ಬಾಯಿ ಅಗಲಿಸಿ ಆಕಳಿಸುತ್ತದೆ, ಮೈ ಜೋಲುತ್ತದೆ. ಹದಿನೈದು ಸೆಕೆಂಡ್ ಕಳೆದರೂ ಅದು ಬಾರದಿದ್ದರೆ ಕೆಳಗಿಟ್ಟು ಮತ್ತೆ ಹಿಡಿಯಿರಿ, ಬಲ ಹೆಚ್ಚಿಸಬೇಡಿ. ಗಂಡು ಫೆರೆಟ್ ಒಂದೂವರೆ ಎರಡು ಕಿಲೋ ತೂಗಬಹುದು. ಅಂಥವನ್ನು, ವಯಸ್ಸಾದವನ್ನು, ಬಸುರಿ ಹೆಣ್ಣನ್ನು ತೂಗುಹಾಕಬಾರದು, ಹಿಂಭಾಗ ತೊಡೆಯ ಮೇಲೆ ಕೂತಿರಲಿ. ಒಂದು ನಿಮಿಷ ಹಿಡಿದರೆ ಸಾಕು, ಬಿಟ್ಟು ಮತ್ತೆ ಹಿಡಿದರಾಯಿತು.

ಹಿಂದಿನಿಂದ ಮುಟ್ಟಿದಾಗ ಮಾತ್ರ ಬೆಚ್ಚಿ ಕಚ್ಚುವ ಫೆರೆಟ್‌ಗೆ ಕಿವಿ ಕೇಳಿಸದಿರಬಹುದು. ತಲೆಯ ಮೇಲೆ ಬಿಳಿ ಪಟ್ಟೆ ಇರುವ ಅಥವಾ ಮುಖ ಪೂರ್ತಿ ಬಿಳಿ ಇರುವ ಫೆರೆಟ್‌ಗಳಲ್ಲಿ ಹುಟ್ಟು ಕಿವುಡು ಸಾಮಾನ್ಯ. ಬೆನ್ನ ಹಿಂದೆ ಕೀಲಿಗೊಂಚಲು ಅಲ್ಲಾಡಿಸಿ ನೋಡಿ. ಕಿವಿ ಹೊರಳದಿದ್ದರೆ ಮುಂದೆ ಪ್ರತಿ ಸಲ ಮೊದಲು ಕೈ ಮೂಸಲು ಕೊಟ್ಟು ಆಮೇಲೆ ಎತ್ತಿಕೊಳ್ಳಿ. ಒಂದೇ ಒಂದು ಕಾಲು ಮುಟ್ಟಿದಾಗ ಕಚ್ಚುತ್ತದೆಯಾದರೆ ಆ ಕಾಲಿನಲ್ಲಿ ನೋವಿದೆ ಎಂದೇ ತಿಳಿದು ಬೆರಳು ಬೆರಳು ಬಿಡಿಸಿ ನೋಡಿ.

ಕಚ್ಚಿ ಬಿಡದೆ ಹಿಡಿದುಕೊಂಡರೆ ಕೈ ಎಳೆಯಬೇಡಿ, ಚರ್ಮ ಹರಿಯುತ್ತದೆ. ತುಟಿಗೆ ಎಣ್ಣೆ ಸವರಿದರೆ ನೆಕ್ಕಲು ಬಾಯಿ ಬಿಡುತ್ತದೆ. ಗಾಯವನ್ನು ಹರಿಯುವ ನೀರು, ಸೋಪಿನಲ್ಲಿ 15 ನಿಮಿಷ ತೊಳೆದು, ಟೆಟನಸ್ ಮತ್ತು ರೇಬೀಸ್ ಲಸಿಕೆಯ ಬಗ್ಗೆ ಅದೇ ದಿನ ಡಾಕ್ಟರನ್ನು ಕೇಳಿ.

ದೋಷ: ಗುಲಾಬಿ ಗೆರೆ ಕಾಣುವುದಿಲ್ಲ

ಫೆರೆಟ್‌ನ ಉಗುರು ಸಾಮಾನ್ಯವಾಗಿ ತಿಳಿ ಬಣ್ಣದ್ದು, ಬೆಳಕು ತೂರುತ್ತದೆ. ಮೇಲಿನ ಟ್ಯೂಬ್‌ಲೈಟ್ ಸಾಲದಿದ್ದರೆ ಮೊಬೈಲ್ ಟಾರ್ಚನ್ನು ಉಗುರಿನ ಅಡಿಗೆ ಹಿಡಿಯಿರಿ. ಆಗಲೂ ಕಾಣದಿದ್ದರೆ ಕೊಳೆ. ಬೆಚ್ಚನೆಯ ನೀರಲ್ಲಿ ಅದ್ದಿದ ಹತ್ತಿಯಿಂದ ಒರೆಸಿ, ಬಂದ ಕೊಳೆಯ ಬಣ್ಣ ನೋಡಿ.

ಹಿಂಗಾಲಿನ ಉಗುರುಗಳ ಅಡಿಯಲ್ಲಿ ಕಾಫಿ ಬಣ್ಣದ, ಅಂಟಂಟಾದ, ಕಮಟು ವಾಸನೆಯ ಕೊಳೆ ತುಂಬಿದ್ದರೆ ಅದು ನೆಲದ್ದಲ್ಲ, ಕಿವಿಯ ಗುಗ್ಗೆ. ಫೆರೆಟ್ ಹಿಂಗಾಲಿನಿಂದ ಕಿವಿ ಕೆರೆದುಕೊಳ್ಳುತ್ತದೆ. ಸ್ವಲ್ಪ ಕಂದು ಗುಗ್ಗೆ ಸಹಜ. ಕಪ್ಪಗೆ, ಪುಡಿಪುಡಿಯಾಗಿ ಬಂದು, ಕೆರೆತವೂ ಹೆಚ್ಚಿದ್ದರೆ ಕಿವಿಯಲ್ಲಿ ನುಸಿ ಬಿದ್ದಿರುವ ಸಂಭವ ಹೆಚ್ಚು. ನಾಯಿ, ಬೆಕ್ಕಿಗೆ ಬರುವ ನುಸಿಯೇ ಇದಕ್ಕೂ ಬರುತ್ತದೆ, ಔಷಧಿ ಮನೆಯ ಎಲ್ಲ ಪ್ರಾಣಿಗಳಿಗೂ ಆಗಬೇಕು.

ದೋಷ: ಉಗುರು ಸೀಳುತ್ತದೆ, ಜಜ್ಜುತ್ತದೆ

ಬ್ಲೇಡು ಮೊಂಡಾಗಿದೆ. ಪರೀಕ್ಷೆಗೆ ಹಿಡಿಸೂಡಿಯ ಒಂದು ಒಣ ಕಡ್ಡಿ ಸಾಕು. ಕಟರ್‌ನಿಂದ ಅದರ ತುದಿ ಕತ್ತರಿಸಿ. ಕಚಕ್ಕೆಂದು ತುಂಡಾಗಿ ತುದಿ ಚಪ್ಪಟೆ ನುಣುಪಾಗಿ ಬಂದರೆ ಬ್ಲೇಡು ಸರಿಯಿದೆ. ನಾರು ಎದ್ದರೆ, ಬಾಗಿ ಜಜ್ಜಿದರೆ ಆ ಕಟರ್ ನಿಮ್ಮ ಉಗುರಿಗಿರಲಿ, ಫೆರೆಟ್‌ಗೆ ಹೊಸದು ತನ್ನಿ. ಎರಡು ಅಂಚುಗಳ ನಡುವೆ ಬೆಳಕು ಕಾಣುವ ಕಟರ್ ಹೊಸದಾದರೂ ಪ್ರಯೋಜನವಿಲ್ಲ.

ಬ್ಲೇಡು ಚೂಪಾಗಿದ್ದೂ ಸೀಳಿದರೆ ಎರಡು ಕಾರಣ. ಒಂದು, ಮೆಲ್ಲಗೆ ಒತ್ತುವುದು. ಹೆದರಿ ಅರ್ಧ ಒತ್ತಿ ನಿಲ್ಲಿಸಿದರೆ ಉಗುರಿನ ಪದರ ಬಿಡುತ್ತದೆ, ಜಾಗ ನಿರ್ಧರಿಸಿದ ಮೇಲೆ ಒಂದೇ ಏಟಿಗೆ ಒತ್ತಿ. ಇನ್ನೊಂದು, ಹಿಡಿದ ದಿಕ್ಕು. ಫೆರೆಟ್‌ನ ಉಗುರು ಎರಡೂ ಪಕ್ಕ ಚಪ್ಪಟೆ. ನೇಲ್ ಕಟರನ್ನು ಕಾಲು ಸುತ್ತು ತಿರುಗಿಸಿ ಹಿಡಿದು ನೋಡಿ, ಯಾವ ದಿಕ್ಕಿನಲ್ಲಿ ಚೊಕ್ಕ ಬರುತ್ತದೋ ಅದನ್ನೇ ಉಳಿಸಿಕೊಳ್ಳಿ. ಉಳಿದ ಮುಳ್ಳಿಗೆ ಸಾದಾ ಉಗುರು ಅರದಿಂದ ಒಂದೆರಡು ಸಲ ಒಂದೇ ದಿಕ್ಕಿಗೆ ಉಜ್ಜಿದರೆ ಸಾಕು. ಬ್ಯಾಟರಿಯ ಉಜ್ಜುಯಂತ್ರವನ್ನು ನಾವು ಶಿಫಾರಸು ಮಾಡುವುದಿಲ್ಲ: ಸದ್ದು ಹೆಚ್ಚು, ಬಿಸಿ ಹೆಚ್ಚು, ಪಾದದ ಕೂದಲು ಸುತ್ತಿಕೊಳ್ಳುತ್ತದೆ.

ದೋಷ: ರಕ್ತ ಬಂತು

ಗುಲಾಬಿ ಗೆರೆಗೆ ಬ್ಲೇಡು ತಾಗಿದೆ. ಗಾಬರಿ ಬೇಡ. 1 ಕಿಲೋ ತೂಗುವ ಫೆರೆಟ್‌ನ ಮೈಯಲ್ಲಿ ಸುಮಾರು 60 ಮಿ.ಲೀ. ರಕ್ತವಿರುತ್ತದೆ, ಕೆಲವು ಹನಿ ಹೋದರೆ ಏನೂ ಆಗದು. ಆದರೆ ಇಷ್ಟು ಸಣ್ಣ ಪ್ರಾಣಿಯಲ್ಲಿ ಒಂದೆರಡು ಚಮಚವೇ ದೊಡ್ಡ ಮೊತ್ತ. ಆದ್ದರಿಂದ ಆಮೇಲೆ ನೋಡೋಣ ಎಂದು ಬಿಡುವ ಹಾಗೂ ಇಲ್ಲ.

ಉಗುರನ್ನು ಕಾರ್ನ್‌ಫ್ಲೋರ್‌ನಲ್ಲಿ ಅದ್ದಿ, ಮೇಲೆ ಇನ್ನೊಂದು ಚಿಟಿಕೆ ಒತ್ತಿ, ಬೆರಳಿನಿಂದ ಪೂರ್ತಿ 2–3 ನಿಮಿಷ ಹಿಡಿಯಿರಿ. ಪದೇ ಪದೇ ತೆಗೆದು ನೋಡುವುದೇ ರಕ್ತ ನಿಲ್ಲದಿರಲು ಮುಖ್ಯ ಕಾರಣ, ನೋಡಿದಷ್ಟು ಸಲ ಹೆಪ್ಪು ಕಿತ್ತು ಬರುತ್ತದೆ. ಪಟಿಕವೂ ಒಳ್ಳೆಯದು. ಮುಂಬೈ, ಪುಣೆಯ ಕಿರಾಣಿ ಅಂಗಡಿಯಲ್ಲಿ "ತುರಟಿ" ಎಂದು ಕೇಳಿದರೆ ಕೊಡುತ್ತಾರೆ. ನುಣ್ಣಗೆ ಪುಡಿ ಮಾಡಿ ಒಂದು ಚಿಟಿಕೆ ಒತ್ತಿ, ಅದು ಸ್ವಲ್ಪ ಉರಿಯುವುದರಿಂದ ಹಿಡಿದವರು ಎಚ್ಚರವಾಗಿರಲಿ. ರಕ್ತ ನಿಂತ ಮೇಲೆ ಅರ್ಧ ಗಂಟೆ ಓಡಾಡಲು, ಅಗೆಯಲು ಬಿಡಬೇಡಿ. ಒದ್ದೆ ನೆಲ, ಮರಳಿನ ತಟ್ಟೆ ಎರಡೂ ಬೇಡ.

ನಮ್ಮ ಮನೆಗಳ ಮದ್ದುಗಳ ಬಗ್ಗೆ ಎರಡು ಮಾತು. ಗಾಯಕ್ಕೆ ಕಾಫಿಪುಡಿ ಒತ್ತುವ ಪದ್ಧತಿ ಊರಿನಿಂದ ಇಲ್ಲಿಗೂ ಬಂದಿದೆ. ಫೆರೆಟ್ ಪಾದ ನೆಕ್ಕುತ್ತದೆ, ಕೆಫೀನ್ ಅದಕ್ಕೆ ವಿಷ, ಖಂಡಿತ ಬೇಡ. ಸುಣ್ಣ ಸುಡುತ್ತದೆ. ಅರಿಶಿನ ಒತ್ತಿದರೆ ರಕ್ತ ನಿಂತಿತೋ ಇಲ್ಲವೋ ಬಣ್ಣದಲ್ಲಿ ಗೊತ್ತೇ ಆಗುವುದಿಲ್ಲ. ಡೆಟಾಲ್, ಫಿನಾಯಿಲ್ ಹತ್ತಿರ ಸುಳಿಯಬಾರದು. ತೊಳೆಯಲೇಬೇಕಾದರೆ ಒಂದು ಲೀಟರ್ ಕುದಿಸಿ ಆರಿಸಿದ ನೀರಿಗೆ 9 ಗ್ರಾಂ ಉಪ್ಪು ಹಾಕಿ ಬಳಸಿ. ನೋವಿಗೆಂದು ಪ್ಯಾರಾಸಿಟಮಾಲ್, ಐಬುಪ್ರೊಫೆನ್ ಕೊಟ್ಟರೆ ಉಗುರಿನ ಗಾಯಕ್ಕಿಂತ ದೊಡ್ಡ ಅನಾಹುತವಾಗುತ್ತದೆ.

ಬಿಡದೆ ಒತ್ತಿ ಹಿಡಿದರೂ 10–15 ನಿಮಿಷದಲ್ಲಿ ನಿಲ್ಲದಿದ್ದರೆ ಆಸ್ಪತ್ರೆ. ಅದು ಸಂತಾನಹರಣ ಶಸ್ತ್ರಚಿಕಿತ್ಸೆ ಆಗದ ಹೆಣ್ಣಾದರೆ ಇನ್ನೂ ಬೇಗ. ಹೆಣ್ಣು ಫೆರೆಟ್ ಬೆದೆಗೆ ಬಂದರೆ ಗಂಡು ಕೂಡುವವರೆಗೆ ಬೆದೆ ತಾನಾಗಿ ಇಳಿಯುವುದು ಅಪರೂಪ, ವಾರಗಟ್ಟಲೆ ಹಾಗೇ ಉಳಿಯುತ್ತದೆ. ಅಷ್ಟು ದಿನ ಏರಿಯೇ ಇರುವ ಈಸ್ಟ್ರೋಜನ್ ಎಂಬ ಹೆಣ್ಣು ಹಾರ್ಮೋನು ಎಲುಬಿನ ಮಜ್ಜೆಯನ್ನು ಕೆಡಿಸುತ್ತದೆ, ರಕ್ತ ಹೆಪ್ಪುಗಟ್ಟಿಸುವ ಪ್ಲೇಟ್‌ಲೆಟ್ ಇಳಿಯುತ್ತದೆ. ಉಗುರಿನ ಸಣ್ಣ ಗಾಯದ ರಕ್ತ ನಿಲ್ಲದಿರುವುದು ಇದರ ಸುಳಿವಾಗಿರಬಹುದು. ಬಾಲದ ಕೆಳಗೆ ಯೋನಿ ಊದಿದೆಯೇ, ಒಸಡು ಬಿಳಿಚಿದೆಯೇ, ಹೊಟ್ಟೆಯ ಚರ್ಮದಲ್ಲಿ ಸೂಜಿಮೊನೆಯಂಥ ಕೆಂಪು ಚುಕ್ಕೆಗಳಿವೆಯೇ ನೋಡಿ. ಒಂದು ಕಂಡರೂ ಕಾರ್ನ್‌ಫ್ಲೋರ್ ತಟ್ಟೆ ಅಲ್ಲಿಗೇ ಬಿಟ್ಟು ಹೊರಡಿ.

ಎಲ್ಲ ಪ್ರಾಣಿವೈದ್ಯರೂ ಫೆರೆಟ್ ನೋಡುವುದಿಲ್ಲ. ನಿಮ್ಮ ಕಡೆ ಯಾರು ನೋಡುತ್ತಾರೆ ಎಂದು ಉಗುರಿಗೆ ಕೈಹಾಕುವ ಮೊದಲೇ ಫೋನ್ ಮಾಡಿ ಕೇಳಿಟ್ಟುಕೊಳ್ಳಿ. ಕ್ಲಿನಿಕ್ ತೆರೆದಿರುವ ಹೊತ್ತಿನಲ್ಲಿ ಕತ್ತರಿಸಿ, ಭಾನುವಾರ ರಾತ್ರಿ ಬೇಡ. ಹಳಿಯ ಮೇಲೆ ನೀರು ನಿಂತು ಲೋಕಲ್ ರೈಲು ನಿಂತ ದಿನ ಡೊಂಬಿವಲಿಯಿಂದ ಪರೇಲ್‌ನ ಪ್ರಾಣಿ ಆಸ್ಪತ್ರೆ ತಲುಪುವುದು ನಿಮ್ಮ ಕೈಯಲ್ಲಿಲ್ಲ.

ದೋಷ: ಗುಲಾಬಿ ಗೆರೆ ತುದಿಯವರೆಗೂ ಬಂದಿದೆ

ತಿಂಗಳುಗಟ್ಟಲೆ ಕತ್ತರಿಸದಿದ್ದರೆ ಒಳಗಿನ ರಕ್ತನಾಳವೂ ಉಗುರಿನ ಜೊತೆ ಉದ್ದವಾಗುತ್ತದೆ. ಒಂದೇ ದಿನ ಗಿಡ್ಡ ಮಾಡಲು ಹೋಗಬೇಡಿ. ವಾರಕ್ಕೊಮ್ಮೆ ತುದಿಯ 1 ಮಿ.ಮೀ. ಮಾತ್ರ ತೆಗೆಯುತ್ತ ಬಂದರೆ ಗೆರೆ ನಿಧಾನಕ್ಕೆ ಹಿಂದೆ ಸರಿಯುತ್ತದೆ. ಕೆಲವು ವಾರ ಹಿಡಿಯುತ್ತದೆ.

ದೋಷ: ನಡುವೆ ಮೈಬಿಟ್ಟು ಜೋತುಬಿತ್ತು

ಹೆಕ್ಕತ್ತು ಹಿಡಿದಾಗ ಜೋಲುವುದು ಸರಿ. ಕೆಳಗಿಟ್ಟ ಕೂಡಲೇ ಮೈಕೊಡವಿ ಓಡಬೇಕು. ಓಡದೆ ಕಣ್ಣು ನೆಟ್ಟು ನೋಡುತ್ತಿದ್ದರೆ, ಜೊಲ್ಲು ಸುರಿಸಿ ಮುಂಗಾಲಿನಿಂದ ಬಾಯಿ ಉಜ್ಜಿಕೊಂಡರೆ, ಹಿಂಗಾಲು ಎಳೆದರೆ ರಕ್ತದ ಸಕ್ಕರೆ ಕುಸಿದಿದೆ ಎಂದು ತಿಳಿಯಿರಿ. ಮೂರು ವರ್ಷ ದಾಟಿದ ಫೆರೆಟ್‌ಗಳಲ್ಲಿ ಮೇದೋಜ್ಜೀರಕದ ಗಂತಿ ಇದಕ್ಕೆ ಸಾಮಾನ್ಯ ಕಾರಣ. ಸಿಹಿ ಬೇಡ ಎಂದು ಮೇಲೆ ಹೇಳಿದ್ದಕ್ಕೆ ಇದೊಂದೇ ವಿನಾಯಿತಿ: ಹತ್ತಿಯ ತುದಿಯಲ್ಲಿ ಸ್ವಲ್ಪ ಜೇನು ತೆಗೆದು ಒಸಡಿಗೆ ಸವರಿ. ಸೆಳೆತ ಬರುತ್ತಿದ್ದರೆ ಬಾಯೊಳಗೆ ಬೆರಳು ಹಾಕಬೇಡಿ, ನುಂಗಲು ಏನೂ ಸುರಿಯಬೇಡಿ. ಎಚ್ಚರವಾದ ಮೇಲೆ ಬೇಯಿಸಿದ ಕೋಳಿ ತಿನ್ನಿಸಿ ಆ ದಿನವೇ ವೈದ್ಯರಿಗೆ ತೋರಿಸಿ.

ದೋಷ: ಕತ್ತರಿಸಿದ ಮರುದಿನವೂ ಬಟ್ಟೆಗೆ ಸಿಕ್ಕಿಕೊಳ್ಳುತ್ತದೆ

ಮುಂಗಾಲಿನ ಒಳಬದಿಯಲ್ಲಿ ಸ್ವಲ್ಪ ಮೇಲೆ ಕೂತ ಹೆಬ್ಬೆರಳಿನ ಉಗುರು ಬಿಟ್ಟುಹೋಗಿದೆ. ಅದು ನೆಲಕ್ಕೆ ತಾಗದು, ಆದ್ದರಿಂದ ಸ್ವಲ್ಪವೂ ಸವೆಯದು, ಕೊಕ್ಕೆಯಾಗುತ್ತದೆ. ಸೊಳ್ಳೆ ಪರದೆಗೆ, ಕಿಟಕಿಯ ಜಾಳಿಗೆಗೆ ಮೊದಲು ಸಿಕ್ಕುವುದೂ ಅದೇ. ಸಿಕ್ಕಿಕೊಂಡಾಗ ಕಾಲು ಎಳೆಯದೆ ನೂಲು ಕತ್ತರಿಸಿ ಬಿಡಿಸಿ. ಉಗುರು ಬುಡದಿಂದ ಕಿತ್ತು ನೇತಾಡುತ್ತಿದ್ದರೆ ಮನೆಯಲ್ಲಿ ಕೀಳಬಾರದು. ಶುದ್ಧ ಬಟ್ಟೆ ಸುತ್ತಿ ವೈದ್ಯರಲ್ಲಿಗೆ ಒಯ್ಯಿರಿ.

ದೋಷ: ಉಗುರಿನ ಸುತ್ತ ಹೊಪ್ಪಳೆ, ಪಾದ ದಪ್ಪ

ಇದಕ್ಕೆ ಕಟರ್ ಉತ್ತರವಲ್ಲ. ಬೆರಳುಗಳು ಊದಿ, ತುರಿಸಿ, ಹೊಪ್ಪಳೆ ಕಟ್ಟಿದ್ದರೆ ಕಜ್ಜಿ ನುಸಿ ಇರಬಹುದು. ಮನುಷ್ಯರಿಗೂ ತುರಿಕೆ ತರಬಲ್ಲದು, ಕೈಗವಸು ಹಾಕಿಕೊಳ್ಳಿ. ಅಂಗಾಲು ಗಟ್ಟಿಯಾಗಿ ಬಿರಿದು, ಗಲ್ಲದ ಮೇಲೆ ಗುಳ್ಳೆ, ಕಣ್ಣಲ್ಲಿ ಪಿಸುರು, ಜ್ವರ ಸೇರಿದರೆ ನಾಯಿಗಳಿಗೆ ಬರುವ ಡಿಸ್ಟೆಂಪರ್ ನೆನಪಿಗೆ ಬರಬೇಕು. ಫೆರೆಟ್‌ಗೆ ಇದು ಹೆಚ್ಚುಕಡಿಮೆ ಪ್ರಾಣಾಂತಿಕ. ಲಸಿಕೆಯ ಬಗ್ಗೆ ಫೆರೆಟ್ ಬಲ್ಲ ವೈದ್ಯರನ್ನೇ ಕೇಳಿ, ನಾಯಿಗೆಂದು ಮಾಡಿದ್ದು ಎಲ್ಲವೂ ಇದಕ್ಕೆ ಸುರಕ್ಷಿತವಲ್ಲ.

ಮಳೆಗಾಲದಲ್ಲಿ ಬ್ಲೇಡು

ಗೋವಾದಲ್ಲಿ, ಮುಂಬೈಯ ಕಡಲ ಬದಿಯಲ್ಲಿ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಉಪ್ಪುಗಾಳಿಗೆ ಕಟರ್‌ನ ಅಂಚು ಬೇಗ ತುಕ್ಕು ಹಿಡಿಯುತ್ತದೆ. ಬಳಸಿದ ಮೇಲೆ ಸ್ಪಿರಿಟ್‌ನಲ್ಲಿ ಒರೆಸಿ, ಒಣಗಿಸಿ, ಒಂದು ಹನಿ ಕೊಬ್ಬರಿ ಎಣ್ಣೆ ಸವರಿ ಮುಚ್ಚಳದ ಡಬ್ಬಿಯಲ್ಲಿಡಿ. ಮುಂದಿನ ಸಲ ಎಣ್ಣೆ ಒರೆಸಿಯೇ ಬಳಸಿ, ಜಾರುವ ಬ್ಲೇಡು ಗುಲಾಬಿ ಗೆರೆಯ ಕಡೆಗೇ ಜಾರುತ್ತದೆ. ಅದೇ ಡಬ್ಬಿಯಲ್ಲಿ ಕಾರ್ನ್‌ಫ್ಲೋರ್ ಇಟ್ಟಿದ್ದರೆ ಬೆರಳಿನಿಂದ ಮುಟ್ಟಿ ನೋಡಿ. ತೇವಕ್ಕೆ ಗಂಟುಕಟ್ಟಿದ್ದು ರಕ್ತ ಹೀರುವುದಿಲ್ಲ, ಚೆಲ್ಲಿ ಹೊಸದು ತುಂಬಿಸಿ.